ಕನಸಿನೊಳಗೆ ಎಚ್ಚರಾಗುವುದು: ನಿಮ್ಮ ರಾತ್ರಿಗೆ ಯಾವ ದಾರಿ ಹೊಂದುತ್ತದೆ?

ಪಿಯುಸಿ ಮುಗಿದು ಎಷ್ಟೋ ವರ್ಷ ಆಗಿರುತ್ತದೆ. ಆದರೂ ಗಣಿತದ ಪರೀಕ್ಷೆಗೆ ಹಾಲ್ ಟಿಕೆಟ್ ಬಿಟ್ಟು ಹೋದ ಕನಸು ಬೀಳುತ್ತದೆ. ಗಾಬರಿಯಲ್ಲಿ ಕೈಕಾಲು ಆಡದೇ ಇರುವಾಗ ತಟ್ಟನೆ ಹೊಳೆಯುತ್ತದೆ: 'ಅಲ್ಲ, ನನಗೆ ಮದುವೆಯಾಗಿ ಮಕ್ಕಳಿದ್ದಾರೆ. ಇದೆಂಥ ಪರೀಕ್ಷೆ? ಇದು ಕನಸು!' ನಿದ್ದೆ ಕೆಡದೆ, ಕನಸೂ ಮುರಿಯದೆ ಈ ಅರಿವು ಬಂತು ಎಂದರೆ ಅದೇ ಲೂಸಿಡ್ ಡ್ರೀಮ್. ಹಳೆಯ ಅಧ್ಯಯನಗಳನ್ನೆಲ್ಲ ಒಟ್ಟು ಮಾಡಿ 2016ರಲ್ಲಿ ಲೆಕ್ಕ ಹಾಕಿದಾಗ, ಸುಮಾರು ನೂರರಲ್ಲಿ 55 ಜನಕ್ಕೆ ಜೀವನದಲ್ಲಿ ಒಮ್ಮೆಯಾದರೂ ಇದು ಆಗಿತ್ತು. ತಿಂಗಳಿಗೊಮ್ಮೆ ಅಥವಾ ಅದಕ್ಕಿಂತ ಜಾಸ್ತಿ ಆಗುವವರು ನೂರಕ್ಕೆ 23.

ಬೇಕೆಂದಾಗ ಇದನ್ನು ತಂದುಕೊಳ್ಳುವುದು ಹೇಗೆ ಎನ್ನುವುದಕ್ಕೆ ಮೊಬೈಲ್ ತೆರೆದರೆ ಹತ್ತು ದಾರಿ ಸಿಗುತ್ತವೆ. ಪ್ರತಿಯೊಬ್ಬರೂ ತಮ್ಮದೇ ಸುಲಭ ಎನ್ನುತ್ತಾರೆ. ಆದರೆ ಯಾವ ವಿಧಾನ ದೊಡ್ಡದು ಎಂದು ಕೇಳುವುದರಿಂದ ಹೆಚ್ಚು ಉಪಯೋಗವಿಲ್ಲ. ನಿಮ್ಮ ನಿದ್ದೆ ಯಾವಾಗ, ಯಾತಕ್ಕೆ ಮುರಿಯುತ್ತದೆ ಎಂದು ಮೊದಲು ನೋಡಿಕೊಳ್ಳಬೇಕು. ದಾವಣಗೆರೆಯ ವಿದ್ಯಾನಗರದ ಹಾಸ್ಟೆಲ್ ಹುಡುಗನ ರಾತ್ರಿ ಬೇರೆ, ಜಗಳೂರಿನ ಕಡೆ ಬೋರ್‌ವೆಲ್ ನಂಬಿಕೊಂಡವರ ರಾತ್ರಿ ಬೇರೆ, ಎಳೆಗೂಸಿನ ತಾಯಿಯದು ಇನ್ನೂ ಬೇರೆ.

ಇದು ನಿಜಾನಾ, ಕಟ್ಟುಕತೆಯಾ?

ಕನಸನ್ನು ಪಳಗಿಸುವ ಶಾಸ್ತ್ರ ಎಂದರೆ ನಗುವವರು ಇದ್ದೇ ಇದ್ದಾರೆ. ವಿಜ್ಞಾನಿಗಳೂ ಬಹಳ ಕಾಲ ನಂಬಿರಲಿಲ್ಲ. ಫ್ರೆಡರಿಕ್ ವಾನ್ ಈಡನ್ ಎಂಬ ಡಚ್ ವೈದ್ಯ 1913ರಲ್ಲೇ ಲೂಸಿಡ್ ಡ್ರೀಮ್ ಎಂಬ ಹೆಸರಿನಿಂದ ತನ್ನ ಅನುಭವ ಬರೆದಿದ್ದ. ಆದರೆ ಮಲಗಿದ್ದವನು 'ನನಗೆ ಗೊತ್ತಾಯಿತು' ಎಂದು ಎದ್ದ ಮೇಲೆ ಹೇಳಿದರೆ ಸಾಕ್ಷಿ ಎಲ್ಲಿ?

ಸಾಕ್ಷಿ ಸಿಕ್ಕಿದ್ದು ಕಣ್ಣುಗುಡ್ಡೆಯಿಂದ. ಗಾಢ ಕನಸು ಬೀಳುವ ಹಂತದಲ್ಲಿ ಮೈಯ ಸ್ನಾಯುಗಳೆಲ್ಲ ಸಡಿಲವಾಗಿ ಬಿದ್ದಿರುತ್ತವೆ. ಉಸಿರಾಟ ನಡೆಯುತ್ತದೆ, ಕಣ್ಣು ಮಾತ್ರ ರೆಪ್ಪೆಯ ಕೆಳಗೆ ಓಡಾಡುತ್ತಿರುತ್ತದೆ. ಇಂಗ್ಲೆಂಡಿನ ಹಲ್ ವಿಶ್ವವಿದ್ಯಾಲಯದಲ್ಲಿ ಕೀತ್ ಹರ್ನ್ ಎಂಬ ಸಂಶೋಧಕ ಇದನ್ನೇ ಬಳಸಿಕೊಂಡ. ಕನಸು ಎಂದು ಗೊತ್ತಾದ ಕೂಡಲೇ ಕಣ್ಣನ್ನು ಎಡಕ್ಕೂ ಬಲಕ್ಕೂ ಆಡಿಸಬೇಕು ಎಂದು ಮೊದಲೇ ಮಾತಾಗಿತ್ತು. 1975ರ ಏಪ್ರಿಲ್‌ನಲ್ಲಿ ಅಲನ್ ವರ್ಸ್ಲಿ ಎಂಬಾತ ಮಲಗಿದ್ದಲ್ಲಿಂದಲೇ ಆ ಸನ್ನೆ ಕೊಟ್ಟ, ಯಂತ್ರದ ಕಾಗದದ ಮೇಲೆ ಅದು ಮೂಡಿತು. ಅಮೆರಿಕದ ಸ್ಟ್ಯಾನ್‌ಫರ್ಡ್‌ನಲ್ಲಿ ಸ್ಟೀಫನ್ ಲಾಬರ್ಜ್ ತನ್ನದೇ ದಾರಿಯಲ್ಲಿ ಇದೇ ಸನ್ನೆಯ ಪ್ರಯೋಗ ಮಾಡಿ 1981ರಲ್ಲಿ ಪ್ರಕಟಿಸಿದ. 2021ರಲ್ಲಿ ಪ್ರಕಟವಾದ ಇನ್ನೊಂದು ಕೆಲಸವಂತೂ ಓದಿದರೆ ಆಶ್ಚರ್ಯವಾಗುತ್ತದೆ. ನಾಲ್ಕು ದೇಶಗಳ ಪ್ರಯೋಗಾಲಯಗಳಲ್ಲಿ ಕನಸು ಕಾಣುತ್ತಿದ್ದವರಿಗೆ ಎಂಟರಲ್ಲಿ ಆರು ಕಳೆದರೆ ಎಷ್ಟು ಎನ್ನುವಂಥ ಸಣ್ಣ ಲೆಕ್ಕ ಕೇಳಿದರು. ಕೆಲವರು ನಿದ್ದೆಯಲ್ಲೇ ಕಣ್ಣಾಡಿಸಿ ಸರಿಯಾದ ಉತ್ತರ ಕೊಟ್ಟರು. ಎಲ್ಲರೂ ಅಲ್ಲ, ಪ್ರತಿ ಸಲವೂ ಅಲ್ಲ. ಸರಿ ಉತ್ತರ ಬಂದಿದ್ದು ಐದರಲ್ಲಿ ಒಂದಕ್ಕಿಂತ ಸ್ವಲ್ಪ ಕಡಿಮೆ.

ಹಾಗಾಗಿ ಅರಿವು ಬರುವುದು ನಿಜ. 'ಏಳು ದಿನದಲ್ಲಿ ನಿಮಗೆ ಬೇಕಾದ ಕನಸು' ಎಂದು ಕೋರ್ಸ್ ಮಾರುವುದು ಮಾತ್ರ ಕಟ್ಟುಕತೆ.

ಮೊದಲು ರಾತ್ರಿಯ ಲೆಕ್ಕ

ನಿದ್ದೆ ಸುಮಾರು 90 ನಿಮಿಷದ ಸುತ್ತುಗಳಲ್ಲಿ ಸಾಗುತ್ತದೆ. ಸುತ್ತಿನ ಕೊನೆಗೆ ಬರುವ, ಕಣ್ಣುಗುಡ್ಡೆ ಓಡಾಡುವ ಹಂತಕ್ಕೆ ರೆಮ್ ಎಂದು ಹೆಸರು. ಷಿಕಾಗೋ ವಿಶ್ವವಿದ್ಯಾಲಯದಲ್ಲಿ 1953ರಲ್ಲಿ ಇದನ್ನು ಗುರುತಿಸಿದರು. ರಾತ್ರಿಯ ಮೊದಲ ಸುತ್ತಿನಲ್ಲಿ ರೆಮ್ ಕೆಲವೇ ನಿಮಿಷ. ಬೆಳಗಾಗುತ್ತಾ ಅದು ಉದ್ದವಾಗುತ್ತದೆ, ಕೊನೆಯ ಸುತ್ತಿನಲ್ಲಿ ಅರ್ಧ ಗಂಟೆ, ಒಮ್ಮೊಮ್ಮೆ ಅದಕ್ಕೂ ಜಾಸ್ತಿ. ಬೆಳಗಿನ ಜಾವದ ಕನಸು ನಿಜವಾಗುತ್ತೆ ಅಂತ ನಮ್ಮಲ್ಲಿ ಹಿರಿಯರು ಹೇಳುತ್ತಾರಲ್ಲ, ನಿಜವಾಗುವುದೋ ಇಲ್ಲವೋ, ಉದ್ದವಾಗಿ ಬಿದ್ದು ಎದ್ದ ಮೇಲೂ ನೆನಪಿರುವುದು ಅದೇ ಕನಸು.

ಮುಂದೆ ಹೇಳುವ ಎಲ್ಲ ವಿಧಾನವೂ ಈ ಕೊನೆಯ ಎರಡು ಮೂರು ಗಂಟೆಯ ಮೇಲೇ ನಿಂತಿದೆ. ರಾತ್ರಿ ಒಂದರವರೆಗೆ ರೀಲ್ಸ್ ನೋಡಿ ಬೆಳಿಗ್ಗೆ ಆರಕ್ಕೆ ಏಳುವವರು ಸರಿಯಾಗಿ ಆ ಭಾಗವನ್ನೇ ಕತ್ತರಿಸಿಕೊಂಡಿರುತ್ತಾರೆ. ಅವರಿಗೆ ಯಾವ ವಿಧಾನವೂ ಹತ್ತುವುದಿಲ್ಲ. ಬೇಗ ಮಲಗುವುದೇ ಅವರ ವಿಧಾನ.

ಎಲ್ಲದಕ್ಕೂ ಬೇಕಾದ ಇನ್ನೊಂದು ಸಾಮಾನು ಎಂದರೆ ತಲೆದಿಂಬಿನ ಪಕ್ಕ ಒಂದು ನೋಟ್‌ಬುಕ್. ಎದ್ದ ತಕ್ಷಣ ಮೈ ಅಲುಗಿಸದೆ ಕನಸನ್ನು ಹಿಂದಕ್ಕೆ ನೆನೆಸಿಕೊಂಡು ನಾಲ್ಕು ಸಾಲು ಬರೆಯಬೇಕು. ಫೋನಿನಲ್ಲಿ ಬರೆಯಲು ಹೋದರೆ ವಾಟ್ಸಾಪ್ ಕಣ್ಣಿಗೆ ಬಿದ್ದು ಕನಸು ಹಾರಿಹೋಗುತ್ತದೆ. ಕೆಲವು ವಾರ ಬರೆದರೆ ನಿಮ್ಮ ಕನಸಿನಲ್ಲಿ ಪದೇ ಪದೇ ಬರುವುದು ಏನು ಅಂತ ಕಾಣುತ್ತದೆ. ಒಬ್ಬರಿಗೆ ಹಾವು, ಒಬ್ಬರಿಗೆ ತಪ್ಪಿಹೋದ ಬಸ್ಸು, ಒಬ್ಬರಿಗೆ ತೀರಿಕೊಂಡ ಅಜ್ಜ. ಇದೇ ನಿಮ್ಮ ಗುರುತಿನ ಕಲ್ಲು.

ಹಗಲಿನ ಪರೀಕ್ಷೆ

ಹಗಲಿನಲ್ಲಿ ಆಗಾಗ 'ಈಗ ನಾನು ಕನಸಿನಲ್ಲಿದ್ದೇನಾ?' ಎಂದು ಕೇಳಿಕೊಂಡು ಪರೀಕ್ಷೆ ಮಾಡುವುದು. ಅಭ್ಯಾಸವಾದರೆ ಕನಸಿನಲ್ಲೂ ಅದೇ ಪ್ರಶ್ನೆ ಏಳಬಹುದು ಎಂಬುದು ಲೆಕ್ಕ. ಮೂಗು ಬಿಗಿಯಾಗಿ ಹಿಡಿದು ಉಸಿರೆಳೆದು ನೋಡಿ. ಕನಸಿನಲ್ಲಾದರೆ ಉಸಿರು ಸಲೀಸಾಗಿ ಒಳಗೆ ಹೋಗುತ್ತದೆ. ಬಸ್ ಸ್ಟ್ಯಾಂಡಿನಲ್ಲಿ ನಿಂತಾಗ ಬಸ್ಸಿನ ಬೋರ್ಡು ಒಮ್ಮೆ ಓದಿ, ಮುಖ ತಿರುಗಿಸಿ, ಮತ್ತೆ ಓದಿ. ಕನಸಿನ ಅಕ್ಷರ ನಿಲ್ಲುವುದಿಲ್ಲ. ಹೊಳಲ್ಕೆರೆ ಎಂದು ಇದ್ದದ್ದು ಮರುಕ್ಷಣ ಹರಿಹರ ಆಗಿರುತ್ತದೆ, ಇಲ್ಲವೇ ಓದಲಾಗದ ಏನೋ ಆಗಿರುತ್ತದೆ. ಚಿವುಟಿಕೊಳ್ಳುವುದು ಮಾತ್ರ ದಂಡ, ಕನಸಿನಲ್ಲೂ ನೋವು ಬರಬಹುದು.

ಖರ್ಚಿಲ್ಲ, ನಿದ್ದೆ ಕೆಡುವುದಿಲ್ಲ. ಆದರೆ ಇದೊಂದನ್ನೇ ನಂಬಿಕೊಂಡರೆ ಫಲ ಕಡಿಮೆ. ಆಸ್ಟ್ರೇಲಿಯಾದ ಅಡಿಲೇಡ್‌ನಲ್ಲಿ ಡೆನ್‌ಹೋಮ್ ಆಸ್ಪಿ ನಡೆಸಿ 2017ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಒಂದು ವಾರ ಬರೀ ಇದನ್ನು ಮಾಡಿದವರಿಗೆ ಹೇಳಿಕೊಳ್ಳುವಂಥ ಲಾಭ ಸಿಗಲಿಲ್ಲ. ಯಾಂತ್ರಿಕವಾಗಿ ಮೂಗು ಹಿಡಿದುಕೊಳ್ಳುತ್ತಾ ಓಡಾಡಿದರೆ ಪಕ್ಕದವರು ನೆಗಡಿಯಾ ಅಂತ ಕೇಳುತ್ತಾರೆ, ಅಷ್ಟೇ. ನಿಜವಾಗಿ ಅನುಮಾನಪಟ್ಟು ಕೇಳಬೇಕು, ಅದು ಕಷ್ಟ.

ಮೈಲ್ಡ್: ನೆನಪಿಟ್ಟುಕೊಳ್ಳುವ ದಾರಿ

ಲಾಬರ್ಜ್ ಕಂಡುಕೊಂಡ ವಿಧಾನ ಇದು, ಮೈಲ್ಡ್ (MILD) ಎಂಬುದು ಅದರ ಇಂಗ್ಲಿಷ್ ಹೆಸರಿನ ಮೊದಲಕ್ಷರಗಳು. ನನ್ನ ಮತ ಇದಕ್ಕೇ. ಆಫೀಸಿಗೆ ಹೊರಡುವಾಗ ಮನೆಯಲ್ಲಿ 'ಬರ್ತಾ ಮಂಡಕ್ಕಿ ತಗೊಂಡು ಬನ್ನಿ' ಅನ್ನುತ್ತಾರೆ. ದಿನವಿಡೀ ಅದನ್ನು ಜಪಿಸುವುದಿಲ್ಲ, ಆದರೂ ಸಂಜೆ ಅಂಗಡಿ ಕಂಡಾಗ ನೆನಪಾಗುತ್ತದೆ. ಮುಂದೆ ಮಾಡಬೇಕಾದ್ದನ್ನು ಸಮಯಕ್ಕೆ ಸರಿಯಾಗಿ ನೆನಪಿಸಿಕೊಡುವ ಆ ಶಕ್ತಿಯನ್ನೇ ಕನಸಿಗೆ ತಿರುಗಿಸುವುದು ಇಲ್ಲಿನ ಉಪಾಯ.

ಮಾಡುವ ಕ್ರಮ ಹೀಗೆ. ಜಾವದಲ್ಲಿ ಎಚ್ಚರವಾದಾಗ ಆಗ ತಾನೇ ಬಿದ್ದ ಕನಸನ್ನು ಪೂರ್ತಿ ನೆನೆಸಿಕೊಳ್ಳಿ. ಅದರಲ್ಲಿ ಅಸಂಬದ್ಧವಾದ ಒಂದು ಜಾಗ ಹುಡುಕಿ. ಕುಂದುವಾಡ ಕೆರೆಯ ನೀರಿನ ಮೇಲೆ ಸ್ಕೂಟರ್ ಓಡಿಸುತ್ತಿದ್ದಿರಿ ಅನ್ನೋಣ. ಈಗ ಕಣ್ಣು ಮುಚ್ಚಿ ಅದೇ ಕನಸಿಗೆ ಮತ್ತೆ ಹೋಗಿ, ಆದರೆ ಈ ಸಲ ನೀರು ಕಂಡ ಕೂಡಲೇ 'ಓ, ಇದು ಕನಸು' ಎಂದು ಗುರುತು ಹಿಡಿಯುವ ಹಾಗೆ ಕಲ್ಪಿಸಿಕೊಳ್ಳಿ. ಜೊತೆಗೆ ಮನಸ್ಸಿನಲ್ಲಿ 'ಮುಂದಿನ ಸಲ ಕನಸು ಬಿದ್ದಾಗ ಇದು ಕನಸು ಅಂತ ನೆನಪು ಮಾಡ್ಕೋತೀನಿ' ಎಂದು ಹೇಳಿಕೊಳ್ಳುತ್ತಾ ನಿದ್ದೆಗೆ ಜಾರಿ. ಬಾಯಿಪಾಠದ ಹಾಗೆ ಅಲ್ಲ, ನಿಜವಾಗಿ ಅಂದುಕೊಂಡು.

ಆಸ್ಪಿಯ ಅದೇ ಅಧ್ಯಯನದಲ್ಲಿ ಹಗಲಿನ ಪರೀಕ್ಷೆ, ಜಾವದ ಅಲಾರಂ, ಮೈಲ್ಡ್ ಮೂರನ್ನೂ ಸೇರಿಸಿ ಮಾಡಿದವರಿಗೆ ಆ ವಾರ ನೂರರಲ್ಲಿ 17 ರಾತ್ರಿಯ ಲೆಕ್ಕದಲ್ಲಿ ಫಲ ಸಿಕ್ಕಿತು. ಇದಕ್ಕಿಂತ ಮುಖ್ಯವಾದ ಅಂಕಿ ಒಂದಿದೆ. ಮೈಲ್ಡ್ ಮುಗಿಸಿ ಐದು ನಿಮಿಷದೊಳಗೆ ಮತ್ತೆ ನಿದ್ದೆ ಹೋದವರಿಗೆ ನೂರಕ್ಕೆ ಸುಮಾರು 46 ಸಲ ಕೆಲಸ ಮಾಡಿತು. ಎದ್ದು ಕೂತು ಒದ್ದಾಡಿದವರಿಗಿಂತ, ಎದ್ದು ಸಲೀಸಾಗಿ ಮತ್ತೆ ಮಲಗಬಲ್ಲವರಿಗೇ ಇದು ಒಲಿಯುತ್ತದೆ.

ಅಲಾರಂ ಇಟ್ಟು ಏಳುವುದು

ಮಲಗಿ ಸುಮಾರು ಐದು ಗಂಟೆ ಕಳೆದ ಮೇಲೆ ಎದ್ದು, ಸ್ವಲ್ಪ ಹೊತ್ತು ಎಚ್ಚರವಿದ್ದು, ಮತ್ತೆ ಮಲಗುವುದು ಇಲ್ಲಿನ ಪದ್ಧತಿ. ಇದು ಬೇರೆ ವಿಧಾನಕ್ಕೆ ಬಲ ಕೊಡುತ್ತದೆ. ಮೈಲ್ಡ್ ಜೊತೆ ಸೇರಿದರೆ ಚೆನ್ನ, ಒಂಟಿಯಾಗಿ ಮಾಡಿದರೆ ಬರೀ ನಿದ್ದೆಗೇಡು.

ಇದರ ನಿಜವಾದ ಖರ್ಚು ಮನೆಯವರ ನಿದ್ದೆ. ಒಂದೇ ಕೋಣೆಯಲ್ಲಿ ನಾಲ್ಕು ಜನ ಮಲಗುವ ಮನೆಯಲ್ಲಿ ಮೂರೂವರೆಗೆ ಅಲಾರಂ ಹೊಡೆದರೆ ಕನಸಿಗಿಂತ ಮೊದಲು ಬೈಗುಳ ಸಿಗುತ್ತದೆ. ಆದರೆ ನಮ್ಮ ಸೀಮೆಯಲ್ಲಿ ಎಷ್ಟೋ ಜನರಿಗೆ ಅಲಾರಂ ಬೇಕೇ ಇಲ್ಲ. ಚನ್ನಗಿರಿಯ ಅಡಿಕೆ ತೋಟದವರನ್ನು, ಹೊಳಲ್ಕೆರೆ, ಜಗಳೂರಿನ ಬೋರ್‌ವೆಲ್ ರೈತರನ್ನು ಕೇಳಿ. ತ್ರೀ ಫೇಸ್ ಕರೆಂಟ್ ರಾತ್ರಿ ಎಷ್ಟೊತ್ತಿಗೋ ಬಂದರೆ ಟಾರ್ಚ್ ಹಿಡಿದು ಹೋಗಿ ಮೋಟರ್ ಹಾಕಿ ಬಂದು ಮತ್ತೆ ಮಲಗುತ್ತಾರೆ. ಪ್ರಯೋಗಾಲಯದವರು ಜನರನ್ನು ಎಬ್ಬಿಸಿ ಮಾಡಿಸುವುದೂ ಹೆಚ್ಚು ಕಡಿಮೆ ಇದನ್ನೇ! ಜಾವದಲ್ಲಿ ಬಾತ್‌ರೂಮಿಗೆ ಏಳುವ ಅಜ್ಜ ಅಜ್ಜಿಯರು, ಮಗುವಿಗೆ ಹಾಲು ಕೊಡಲು ಏಳುವ ತಾಯಂದಿರು ಕೂಡ ಇದೇ ಸಾಲಿನವರು. ಇವರು ಹೊಸದಾಗಿ ನಿದ್ದೆ ಕೆಡಿಸಿಕೊಳ್ಳುವುದು ಬೇಡ. ಹೇಗೂ ಎದ್ದಿರುತ್ತಾರೆ, ವಾಪಸ್ ಮಲಗುವಾಗ ಮೈಲ್ಡ್ ಸೇರಿಸಿಕೊಂಡರೆ ಆಯಿತು. ಬಾಣಂತಿಯರಿಗೆ ಮಾತ್ರ ಒಂದು ಮಾತು: ಸುಸ್ತಾಗಿದ್ದರೆ ಕನಸು ಗಿನಸು ಬಿಟ್ಟು ಸುಮ್ನೆ ಮಲಗಿ.

ಮಧ್ಯದಲ್ಲಿ ಎದ್ದರೆ ಮತ್ತೆ ನಿದ್ದೆ ಹತ್ತದವರು ಈ ದಾರಿಯ ತಂಟೆಗೆ ಹೋಗುವುದು ಬೇಡ. ಅಂಥವರಿಗೆ ಭಾನುವಾರ ಒಳ್ಳೆಯದು. ಬೆಳಿಗ್ಗೆ ಎಂದಿನಂತೆ ಎಚ್ಚರವಾದ ಮೇಲೆ, ಏಳುವ ಬದಲು ಇನ್ನೊಂದು ಗಂಟೆ ಮಲಗಿ. ಆ ನಿದ್ದೆಯಲ್ಲಿ ಕನಸು ಜಾಸ್ತಿ. ಇಂದ್ರಿಯಗಳ ಸುತ್ತು ಎಂಬ ಇನ್ನೊಂದು ಸರಳ ವಿಧಾನವನ್ನೂ ಆಗ ನೋಡಬಹುದು. ಮುಚ್ಚಿದ ಕಣ್ಣಿನ ಕತ್ತಲು, ಕಿವಿಗೆ ಬೀಳುವ ಸದ್ದು, ಮೈಯ ಭಾರ, ಈ ಮೂರರ ಮೇಲೆ ಒಂದಾದ ಮೇಲೊಂದು ಗಮನವಿಟ್ಟು ಕೆಲವು ಸುತ್ತು ಹಾಕಿ ಮಲಗುವುದು. 2020ರಲ್ಲಿ ಪ್ರಕಟವಾದ ಆಸ್ಪಿಯ ಇನ್ನೊಂದು ಅಧ್ಯಯನದಲ್ಲಿ ಇದೂ ಮೈಲ್ಡ್‌ನಷ್ಟೇ ಫಲ ಕೊಟ್ಟಿತು. ವಾಕ್ಯ ಹೇಳಿಕೊಳ್ಳುವುದು ಬೇಸರ ಎನ್ನುವವರು ಇದನ್ನು ಹಿಡಿಯಲಿ.

ವೈಲ್ಡ್: ನೇರ ದಾರಿ, ಭಯದ ದಾರಿ

ಎಚ್ಚರ ಬಿಡದೆಯೇ ಮೈಯನ್ನು ಮಾತ್ರ ನಿದ್ದೆಗೆ ಕಳಿಸುವುದು. ವೈಲ್ಡ್ (WILD) ಕೂಡ ಇಂಗ್ಲಿಷ್ ಹೆಸರಿನ ಮೊದಲಕ್ಷರಗಳೇ. ಕಾಲೇಜು ಹುಡುಗರಿಗೆ ಇದರ ಹುಚ್ಚು ಜಾಸ್ತಿ, ಯಾಕೆಂದರೆ ಕೇಳಲು ಸಾಹಸದ ಹಾಗಿದೆ. ಸಿಕ್ಕಿದರೆ ಕನಸಿಗೆ ಕಣ್ಣು ಬಿಟ್ಟುಕೊಂಡೇ ಕಾಲಿಟ್ಟ ಹಾಗಿರುತ್ತದೆ, ಸುಳ್ಳಲ್ಲ. ಆದರೆ ಕಲಿಯುವುದು ಕಷ್ಟ, ಹೆಚ್ಚಿನವರಿಗೆ ಸಿಗುವುದು ಬರೀ ನಿದ್ದೆಗೆಟ್ಟ ಬೆಳಗು.

ಇನ್ನೊಂದು ವಿಷಯ ಮೊದಲೇ ತಿಳಿದಿರಬೇಕು. ರೆಮ್ ಹಂತದಲ್ಲಿ ಮೈ ಸಡಿಲವಾಗುತ್ತದೆ ಎಂದೆನಲ್ಲ, ಎಚ್ಚರ ಉಳಿದು ಮೈ ಮಾತ್ರ ಆ ಸ್ಥಿತಿಗೆ ಹೋದರೆ ಕೈಕಾಲು ಅಲುಗಿಸಲು ಆಗುವುದಿಲ್ಲ. ಎದೆಯ ಮೇಲೆ ಯಾರೋ ಕೂತ ಹಾಗೆ, ಕೋಣೆಯಲ್ಲಿ ಯಾರೋ ನಿಂತ ಹಾಗೆ ಅನಿಸುತ್ತದೆ. ಕೂಗಿದರೆ ದನಿ ಹೊರಡುವುದಿಲ್ಲ. ಊರಲ್ಲಿ ಇದನ್ನು ದೆವ್ವ ಅಮುಕಿತು ಎನ್ನುತ್ತಾರೆ, ತಾಯತ ಕಟ್ಟಿಸುತ್ತಾರೆ. ಇದು ನಿದ್ದೆಯ ಪಾರ್ಶ್ವವಾಯು. ಸಾಮಾನ್ಯವಾಗಿ ಕೆಲವು ಸೆಕೆಂಡಿನಿಂದ ಕೆಲವು ನಿಮಿಷದಲ್ಲಿ ತಾನಾಗಿ ಬಿಡುತ್ತದೆ, ಅಪಾಯವಿಲ್ಲ. ನಿದ್ದೆಗೆಟ್ಟವರಿಗೆ, ಅಂಗಾತ ಮಲಗಿದವರಿಗೆ ಜಾಸ್ತಿ. ಹಾಗಾದಾಗ ಬಲವಂತವಾಗಿ ಏಳಲು ಹೋರಾಡದೆ ಕಾಲಿನ ಹೆಬ್ಬೆರಳು ಆಡಿಸಲು ನೋಡಿ, ಉಸಿರಾಟದ ಮೇಲೆ ಗಮನವಿಡಿ. ಇದನ್ನು ಓದುವಾಗಲೇ ಎದೆ ಡವಡವ ಎಂದರೆ ವೈಲ್ಡ್ ನಿಮಗಲ್ಲ. ಮೈಲ್ಡ್‌ನಲ್ಲಿ ಈ ಕಾಟ ಕಡಿಮೆ.

ಮಾಸ್ಕ್, ಸದ್ದು, ಮಾತ್ರೆ

ನಮ್ಮ ಬೀದಿಯ ಹುಡುಗ ಕೇಳಿದ್ದ, 'ಅಣ್ಣಾ, ಆನ್‌ಲೈನ್‌ನಾಗೆ ಕನಸಿನ ಮಾಸ್ಕ್ ಐತಂತೆ, ತರಿಸ್ಲಾ?' 'ಸುಮ್ನಿರೋ ತಮ್ಮಾ, ಆ ದುಡ್ಡಿಗೆ ಒಂದೊಳ್ಳೆ ಸೊಳ್ಳೆ ಪರದೆ ತಗೋ' ಎಂದೆ. ಮಾಸ್ಕಿನ ಹಿಂದಿರುವ ಯೋಚನೆ ಸುಳ್ಳಲ್ಲ. ರೆಮ್ ಹೊತ್ತಿನಲ್ಲಿ ಮಂದ ಬೆಳಕು ಮಿನುಗಿಸಿದರೆ ಅದು ಕನಸಿನೊಳಗೆ ಬಸ್ಸಿನ ಹೆಡ್‌ಲೈಟಾಗಿಯೋ ಮಿಂಚಾಗಿಯೋ ನುಗ್ಗುತ್ತದೆ. ಅದನ್ನು ಕಂಡು ಗುರುತಿಸಬೇಕು. ಲಾಬರ್ಜ್ 1990ರ ದಶಕದಲ್ಲೇ ಇಂಥದ್ದನ್ನು ಮಾರುಕಟ್ಟೆಗೆ ತಂದಿದ್ದ. ಅಮೆರಿಕದ ನಾರ್ತ್‌ವೆಸ್ಟರ್ನ್ ವಿಶ್ವವಿದ್ಯಾಲಯದವರು ಮಲಗುವ ಮುಂಚೆ ಒಂದು ಸದ್ದಿನ ಜೊತೆ ತರಬೇತಿ ಕೊಟ್ಟು, ನಿದ್ದೆಯಲ್ಲಿ ಅದೇ ಸದ್ದನ್ನು ಮೆಲ್ಲಗೆ ಕೇಳಿಸಿ ಒಳ್ಳೆಯ ಫಲ ಕಂಡಿದ್ದಾರೆ. ಅಲ್ಲಿ ತಲೆಗೆ ತಂತಿ ಹಚ್ಚಿ ರೆಮ್ ಬಂದಿತೋ ಇಲ್ಲವೋ ನೋಡುವ ಜನ ಇರುತ್ತಾರೆ. ಅಗ್ಗದ ಮಾಸ್ಕ್ ಅಂದಾಜಿನ ಮೇಲೆ ಮಿನುಗುತ್ತದೆ, ನೀವು ಎದ್ದು ಕೂರುತ್ತೀರಿ.

ಮಾತ್ರೆಯ ವಿಷಯದಲ್ಲಿ ಅಂಕಿ ಜೋರಾಗಿದೆ. ಗ್ಯಾಲಂಟಮೈನ್ ಎಂಬ ಔಷಧದ ಮೇಲೆ 121 ಜನರೊಂದಿಗೆ ಮಾಡಿ 2018ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ, ಖಾಲಿ ಮಾತ್ರೆಯಿಂದ ನೂರಕ್ಕೆ 14 ಜನಕ್ಕೆ, 4 ಮಿಲಿಗ್ರಾಂನಿಂದ 27 ಜನಕ್ಕೆ, 8 ಮಿಲಿಗ್ರಾಂನಿಂದ 42 ಜನಕ್ಕೆ ಅರಿವಿನ ಕನಸು ಬಿತ್ತು. ಎಲ್ಲರೂ ಜಾವದಲ್ಲಿ ಎದ್ದು ಮೈಲ್ಡ್ ಕೂಡ ಮಾಡಿದ್ದರು ಎನ್ನುವುದನ್ನು ಮಾರುವವರು ಹೇಳುವುದಿಲ್ಲ. ಇದು ಆಲ್ಝೈಮರ್ ಮರೆವಿನ ಕಾಯಿಲೆಗೆ ಡಾಕ್ಟರ್ ಬರೆದುಕೊಡುವ ಔಷಧ. ವಾಂತಿ, ಹೊಟ್ಟೆ ತೊಳಸುವುದು, ಹೃದಯ ಬಡಿತ ನಿಧಾನವಾಗುವುದು ಇದರ ಜೊತೆ ಬರಬಹುದು. ಮೋಜಿಗೆ ನುಂಗುವ ವಸ್ತು ಇದಲ್ಲ.

ಯೋಗನಿದ್ರೆ ಲೂಸಿಡ್ ಡ್ರೀಮ್‌ಗೆ ಬದಲಿಯಾ?

ಅಲ್ಲ. ಬಿಹಾರದ ಮುಂಗೇರದ ಸ್ವಾಮಿ ಸತ್ಯಾನಂದ ಸರಸ್ವತಿ ಅವರು ಹರಡಿದ ಯೋಗನಿದ್ರೆ ಎಂದರೆ ಶವಾಸನದಲ್ಲಿ ಮಲಗಿ, ಹೇಳುವವರ ಮಾತಿನಂತೆ ಮೈಯ ಒಂದೊಂದೇ ಭಾಗಕ್ಕೆ ಗಮನ ಒಯ್ಯುವುದು. ಅಲ್ಲಿ ನಿದ್ದೆ ಹೋಗಬಾರದು ಎಂಬುದೇ ನಿಯಮ. ಮೈ ಸಡಿಲಿಸಲು ತುಂಬಾ ಒಳ್ಳೆಯದು, ಮೇಲೆ ಹೇಳಿದ ಇಂದ್ರಿಯಗಳ ಸುತ್ತಿಗೆ ಪೂರ್ವಾಭ್ಯಾಸವೂ ಆಗುತ್ತದೆ. ಕನಸಿನ ವಿಚಾರ ನಮ್ಮಲ್ಲಿ ಹಳೆಯದೇ. ಮಾಂಡೂಕ್ಯ ಉಪನಿಷತ್ತು ಎಚ್ಚರ, ಕನಸು, ಗಾಢ ನಿದ್ದೆ, ಅದರಾಚೆಯ ತುರೀಯ ಎಂದು ವಿಂಗಡಿಸುತ್ತದೆ. ಪತಂಜಲಿಯ ಯೋಗಸೂತ್ರದ ಮೊದಲ ಪಾದದಲ್ಲಿ ಕನಸು ಮತ್ತು ನಿದ್ದೆಯ ಅರಿವನ್ನು ಹಿಡಿದು ಮನಸ್ಸನ್ನು ನಿಲ್ಲಿಸಬಹುದು ಎಂಬ ಸೂತ್ರವಿದೆ. ಟಿಬೆಟಿನ ಬೌದ್ಧರಲ್ಲಿ ನಾರೋಪ ಎಂಬ ಗುರುವಿನ ಆರು ಯೋಗಗಳ ಪೈಕಿ ಕನಸಿನ ಯೋಗವೇ ಒಂದು. ಆದರೆ ಅವರ ಗುರಿ ಕನಸಿನಲ್ಲಿ ಹಾರಾಡುವುದಲ್ಲ. ಎಚ್ಚರವೂ ಕನಸಿನಷ್ಟೇ ಪೊಳ್ಳು ಎಂದು ಕಾಣುವುದು. ಗುರುವಿನ ಬಳಿ ಕಲಿಯುವ ಸಾಧನೆಯನ್ನು ವೀಡಿಯೋ ನೋಡಿ ಎತ್ತಿಕೊಳ್ಳುವುದು ಸರಿ ಕಾಣುವುದಿಲ್ಲ.

ಕನಸಿನೊಳಗೆ ಎಚ್ಚರಾದ ಮೇಲೆ ಹಿಡಿತ

ಅರಿವು ಬಂದರೆ ಎಲ್ಲವೂ ಹೇಳಿದಂತೆ ಕೇಳುತ್ತದೆ ಎಂದು ಅಂದುಕೊಳ್ಳಬೇಡಿ. ಇದು ಕನಸು ಎಂದು ಗೊತ್ತಿದ್ದೂ ಎದುರಿನ ನಾಯಿ ಬೊಗಳುತ್ತಲೇ ಇರುತ್ತದೆ. ಹೊಸಬರಿಗೆ ಇನ್ನೊಂದು ತೊಂದರೆ, ಖುಷಿಯಲ್ಲಿ ಎಚ್ಚರವಾಗಿಬಿಡುತ್ತದೆ. ಕನಸು ಮಸುಕಾಗುತ್ತಿದೆ ಎನಿಸಿದರೆ ಕನಸಿನ ಅಂಗೈಗಳನ್ನು ಒಂದಕ್ಕೊಂದು ಉಜ್ಜಿ, ಇಲ್ಲವೇ ನಿಂತಲ್ಲೇ ಗಿರಗಿರ ತಿರುಗಿ. ಲಾಬರ್ಜ್ ಎರಡನ್ನೂ ಪರೀಕ್ಷೆ ಮಾಡಿ ನೋಡಿದ್ದಾನೆ, ಎರಡೂ ಕನಸನ್ನು ಉಳಿಸುತ್ತವೆ.

ದೃಶ್ಯ ಬದಲಿಸಲು ಬಲವಂತ ಮಾಡಿದರೆ ಆಗುವುದಿಲ್ಲ. ಕನಸು ನಡೆಯುವುದು ನಿರೀಕ್ಷೆಯ ಮೇಲೆ. ಆದ್ದರಿಂದ ಬಾಗಿಲು, ತಿರುವು, ಕಿಂಡಿಗಳನ್ನು ಬಳಸಿಕೊಳ್ಳಿ. ಚಿತ್ರದುರ್ಗದ ಕೋಟೆ ನೋಡಿದವರಿಗೆ ಇದಕ್ಕಿಂತ ಒಳ್ಳೆಯ ಜಾಗ ಬೇಡ. ಓಬವ್ವನ ಕಿಂಡಿಯಲ್ಲಿ ತಲೆ ತಗ್ಗಿಸಿ ನುಸುಳುವಾಗ 'ಆ ಕಡೆ ಸಮುದ್ರ ಇದೆ' ಎಂದು ನಂಬಿ ನುಸುಳಿ. ಹಗಲಿನಲ್ಲೇ ಇದನ್ನು ಮನಸ್ಸಿನಲ್ಲಿ ಅಭ್ಯಾಸ ಮಾಡಿಕೊಂಡಿರಿ.

ಪದೇ ಪದೇ ಕೆಟ್ಟ ಕನಸು ಬೀಳುವವರು ಇದಕ್ಕೆ ಬರುವುದು ಜಾಸ್ತಿ. ಅವರಿಗೆ ನನ್ನ ಸಲಹೆ ಸ್ವಲ್ಪ ಬೇರೆ. ಮೊದಲು ಅರಿವಿನ ಕನಸಿನ ಹಿಂದೆ ಹೋಗಬೇಡಿ. ಹಗಲಿನಲ್ಲಿ ಆ ಕೆಟ್ಟ ಕನಸನ್ನು ಬರೆದು, ಅದರ ಕೊನೆಯನ್ನು ನಿಮಗೆ ಬೇಕಾದಂತೆ ತಿದ್ದಿ, ದಿನಾ ಕೆಲವು ನಿಮಿಷ ಆ ಹೊಸ ಕತೆಯನ್ನು ಮನಸ್ಸಿನಲ್ಲಿ ನೋಡಿ. ಮನೋವೈದ್ಯರು ಬಳಸುವ ಚಿಕಿತ್ಸೆ ಇದು. ಎಚ್ಚರವಿರುವಾಗಲೇ ಮಾಡುವಂಥದ್ದು, ನಿದ್ದೆ ಕೆಡಿಸುವುದಿಲ್ಲ. ಅಪಘಾತ, ಹಿಂಸೆ ಕಂಡವರ ಕೆಟ್ಟ ಕನಸಾದರೆ ಒಬ್ಬರೇ ಮಾಡದೆ ವೈದ್ಯರ ಜೊತೆ ಕೂತು ಮಾಡಬೇಕು.

ಇಲ್ಲದ ದನಿ ಕೇಳಿಸುವ, ನಿಜ ಯಾವುದು ಕಲ್ಪನೆ ಯಾವುದು ಎಂಬ ಗೊಂದಲದ ಕಾಯಿಲೆ ಇದ್ದವರು ಈ ಯಾವ ದಾರಿಯನ್ನೂ ಹಿಡಿಯಬಾರದು. ಪರೀಕ್ಷೆಯ ತಿಂಗಳಲ್ಲಿ ವಿದ್ಯಾರ್ಥಿಗಳಿಗೆ ಅಲಾರಂ ಬೇಡ, ಓದಿದ್ದು ನೆನಪಿನಲ್ಲಿ ಕೂರಲು ಪೂರ್ತಿ ನಿದ್ದೆ ಬೇಕು. ಪುಣೆ-ಬೆಂಗಳೂರು ಹೆದ್ದಾರಿಯಲ್ಲಿ ಲಾರಿ, ಬಸ್ ಓಡಿಸುವವರಿಗಂತೂ ಅಲಾರಂ, ವೈಲ್ಡ್ ಎರಡೂ ಬೇಡವೇ ಬೇಡ. ಅವರಿಗೆ ನೋಟ್‌ಬುಕ್ ಸಾಕು, ಜೊತೆಗೆ ರಜೆಯ ದಿನ ಬೆಳಿಗ್ಗೆ ಎಚ್ಚರವಾದ ಮೇಲೆ ಮತ್ತೆ ಮಲಗುವಾಗ ಒಂದು ಸಲ ಮೈಲ್ಡ್.